ನಂಬ್ರ ಬದಲಾಗದ ಪುಸ್ತಕಪಟ್ಟಿ: ಗಡಿನಾಡಿನ ಒಂದು ವಾಚನಾಲಯದ ಪ್ರಕರಣ ಅಧ್ಯಯನ

ಕಾಸರಗೋಡು ಜಿಲ್ಲೆಯ ಬದಿಯಡ್ಕದ ಆಸುಪಾಸಿನ ಒಂದು ಹಳ್ಳಿಯಲ್ಲಿರುವ ನಮ್ಮ ವಾಚನಾಲಯದ ಪುಸ್ತಕಪಟ್ಟಿಯು, ಕೈಬರಹದ ಸ್ಟಾಕ್ ರಿಜಿಸ್ಟರಿನಿಂದ ಹೊರಟು, ಮೊಬೈಲಿನಲ್ಲಿ ಕನ್ನಡ ಲಿಪಿಯಲ್ಲಿಯೂ ಮಲೆಯಾಳ ಲಿಪಿಯಲ್ಲಿಯೂ ಹುಡುಕಬಹುದಾದ ಈಗಿನ ರೂಪವನ್ನು ಪಡೆಯುವ ತನಕ ಐದು ಆವೃತ್ತಿಗಳನ್ನು ದಾಟಿದೆ. ನಾನು ಈ ಕೆಲಸದಲ್ಲಿ ಮೊದಲಿನಿಂದಲೂ ಇದ್ದವನು. ಪ್ರತಿಯೊಂದು ಆವೃತ್ತಿ ಯಾಕೆ ಬೇಕಾಯಿತು, ಅದರಿಂದ ಏನು ಸರಿಹೋಯಿತು, ಸರಿಪಡಿಸಲು ಹೋಗಿ ನಾವೇ ಏನನ್ನು ಕೆಡಿಸಿದೆವು ಎಂಬುದನ್ನು ಇಲ್ಲಿ ದಾಖಲಿಸುತ್ತಿದ್ದೇನೆ. ಇಂಥದೇ ಕೆಲಸಕ್ಕೆ ಕೈಹಾಕಿದ ಬೇರೆ ವಾಚನಾಲಯಗಳವರು ನಮ್ಮಲ್ಲಿ ಮೊದಲಿಗೆ ಕೇಳುವುದು ಯಾವ ತಂತ್ರಾಂಶ ಬಳಸಿದಿರಿ ಎಂದು. ಅದಕ್ಕೂ ಮೊದಲು ಕೇಳಬೇಕಾದ ಇನ್ನೊಂದು ಪ್ರಶ್ನೆಯಿದೆ: ಪಟ್ಟಿಯಲ್ಲಿ ಯಾವುದನ್ನು ಎಂದಿಗೂ ಬದಲಿಸಬಾರದೆಂದು ನಿಶ್ಚಯಿಸಿದ್ದೀರಿ? ಈ ಪ್ರಶ್ನೆಯ ಮಹತ್ವ ನಮಗೂ ತಿಳಿದದ್ದು ತಡವಾಗಿಯೇ.

ವಾಚನಾಲಯದ ಮೂಲ ದಾಖಲೆ ಉದ್ದನೆಯ ಮೂರು ರಿಜಿಸ್ಟರುಗಳಲ್ಲಿದೆ. ಕ್ರಮನಂಬ್ರ, ಪುಸ್ತಕ ಬಂದ ದಿನ, ಲೇಖಕರು, ಹೆಸರು, ಪ್ರಕಟಣೆಯ ವರ್ಷ, ಬೆಲೆ ಮತ್ತು ಷರಾ ಎಂದು ಅದರಲ್ಲಿ ಏಳು ಅಂಕಣಗಳಿವೆ. 1956ರ ನವೆಂಬರ್ 1ರಂದು ಕಾಸರಗೋಡು ಕೇರಳಕ್ಕೆ ಸೇರುವ ಮೊದಲು ಈ ಪ್ರದೇಶ ಮದ್ರಾಸು ರಾಜ್ಯದ ದಕ್ಷಿಣ ಕನ್ನಡ ಜಿಲ್ಲೆಯಲ್ಲಿತ್ತು. ಆ ಕಾಲದ ಪುಸ್ತಕಗಳು ಊರಿನ ಮನೆಗಳಿಂದ ದಾನವಾಗಿ ಬಂದಾಗ, ಮುದ್ರಣದ ವರ್ಷವನ್ನು ಪುಸ್ತಕದಲ್ಲಿದ್ದ ಹಾಗೆಯೇ ಕನ್ನಡ ಅಂಕಿಗಳಲ್ಲಿ ಇಳಿಸಿದ್ದಾರೆ. ಈಚಿನ ನಮೂದುಗಳಲ್ಲಿ ವರ್ಷವಿರುವುದು ಇಂಗ್ಲಿಷ್ ಅಂಕಿಗಳಲ್ಲಿ. ಈ ಸಣ್ಣ ವ್ಯತ್ಯಾಸ ಮುಂದೆ ನಮ್ಮನ್ನು ಎಷ್ಟು ಕಾಡಲಿದೆ ಎಂದು ಆಗ ಯಾರಿಗೂ ಹೊಳೆದಿರಲಿಲ್ಲ.

ಮೊದಲ ಆವೃತ್ತಿಯನ್ನು ಮಾಡಿದ್ದು ಆಗತಾನೇ ಪದವಿ ಮುಗಿಸಿದ್ದ ಊರಿನ ಒಬ್ಬ ಹುಡುಗ. ರಿಜಿಸ್ಟರುಗಳನ್ನು ಪಕ್ಕದಲ್ಲಿ ಇಟ್ಟುಕೊಂಡು ಸಂಜೆಯ ಹೊತ್ತಿನಲ್ಲಿ ಅವನು ಇಡೀ ಪಟ್ಟಿಯನ್ನು ಎಕ್ಸೆಲ್ ಹಾಳೆಯಲ್ಲಿ ಟೈಪು ಮಾಡಿದ. ಟೈಪು ಮಾಡುತ್ತಾ ಅವನು ಕಂಡುಕೊಂಡದ್ದು ನಂಬ್ರಗಳ ನಡುವಿನ ಖಾಲಿ ಜಾಗಗಳನ್ನು: ಗೆದ್ದಲು ತಿಂದವು, ಮರಳಿ ಬಾರದವು, ಬೈಂಡು ಕಿತ್ತು ರದ್ದಿಗೆ ಹೋದವು. ಎಲ್ಲವನ್ನೂ ಒಂದರಿಂದ ಮರುಎಣಿಸಿ ಹೊಸ ನಂಬ್ರ ಕೊಟ್ಟರೆ ಪಟ್ಟಿ ಚೊಕ್ಕವಾಗುತ್ತದೆಂದು ಅವನು ಸಮಿತಿಯ ಮುಂದೆ ಸಲಹೆಯಿಟ್ಟ. ಸಹಕಾರಿ ಬ್ಯಾಂಕಿನಲ್ಲಿ ಗುಮಾಸ್ತರಾಗಿದ್ದು ನಿವೃತ್ತರಾದ ನಮ್ಮ ಕಾರ್ಯದರ್ಶಿಯವರು ಒಪ್ಪಲಿಲ್ಲ. "ಹಾಳಾದ ಪುಸ್ತಕಕ್ಕೂ ಅದರದ್ದೇ ನಂಬ್ರ ಉಂಟು ಮಾರಾಯ, ಅದನ್ನು ಇನ್ನೊಂದಕ್ಕೆ ಕೊಡ್ಲಿಕ್ಕಿಲ್ಲ" ಎಂದು ಅವರು ಹೇಳಿದ ಮಾತು ನನಗೆ ಆಗ ಬ್ಯಾಂಕಿನ ಹಳೆಯ ಅಭ್ಯಾಸದಂತೆ ಕೇಳಿಸಿತ್ತು. ಪುಸ್ತಕದ ಬೆನ್ನಿನ ಮೇಲಿನ ಚೀಟಿಯಲ್ಲಿ, ಒಳಪುಟದ ಮೊಹರಿನಲ್ಲಿ, ಓದುಗರಿಗೆ ಕೊಟ್ಟ ಕಾರ್ಡಿನಲ್ಲಿ, ಲೈಬ್ರರಿ ಕೌನ್ಸಿಲಿನವರ ಪರಿಶೀಲನೆಗೆ ತೋರಿಸುವ ರಿಜಿಸ್ಟರಿನಲ್ಲಿ, ಎಲ್ಲ ಕಡೆಯೂ ಇರುವುದು ಆ ಒಂದೇ ನಂಬ್ರ. ಅದನ್ನು ಬದಲಿಸಿದ್ದರೆ ನಾಲ್ಕು ದಾಖಲೆಗಳು ಒಂದನ್ನೊಂದು ಗುರುತಿಸಲಾರದೆ ಹೋಗುತ್ತಿದ್ದವು. ಈ ಯೋಜನೆಯಲ್ಲಿ ಯಾರಾದರೂ ಮಾಡಿದ ಅತ್ಯಂತ ಒಳ್ಳೆಯ ತೀರ್ಮಾನ ಅದೇ ಎಂದು ಈಗ ನಿಸ್ಸಂಶಯವಾಗಿ ಹೇಳಬಲ್ಲೆ.

ಮೊದಲ ಆವೃತ್ತಿಯ ಕೊರತೆ ಅದರ ಅಕ್ಷರಗಳಲ್ಲಿತ್ತು. ಆಗ ಬಳಸಿದ ಕನ್ನಡ ಫಾಂಟು ಆಸ್ಕಿ ಪದ್ಧತಿಯದು. ಅಂದರೆ ಕಡತದೊಳಗೆ ಇರುತ್ತಿದ್ದದ್ದು ಇಂಗ್ಲಿಷ್ ಅಕ್ಷರ ಮತ್ತು ಚಿಹ್ನೆಗಳ ಸಂಕೇತಗಳು. ಅವುಗಳ ಮೇಲೆ ಕನ್ನಡದ ಆಕಾರವನ್ನು ಹೊದಿಸಿ ತೋರಿಸುತ್ತಿದ್ದದ್ದು ಫಾಂಟು. ವಾಚನಾಲಯದ ಕಂಪ್ಯೂಟರಿನಲ್ಲಿ ಪಟ್ಟಿ ಚೆನ್ನಾಗಿಯೇ ಕಾಣುತ್ತಿತ್ತು. ಆದರೆ ಮುಳ್ಳೇರಿಯ ಕಡೆಯ ಒಬ್ಬ ಅಧ್ಯಾಪಿಕೆ ಅದನ್ನು ತಮ್ಮ ಮೊಬೈಲಿಗೆ ಕಳುಹಿಸಲು ಕೇಳಿಕೊಂಡು, ತೆರೆದು ನೋಡಿದರೆ ಒಂದು ಸಾಲೂ ಕನ್ನಡವಾಗಿರಲಿಲ್ಲ. ಅವರು ಮರುದಿನ ಬಂದು ಹಾಗೆಂದು ಹೇಳಿದ್ದೇ ಎರಡನೆಯ ಆವೃತ್ತಿಗೆ ಕಾರಣವಾಯಿತು.

ಪ್ರತಿಯೊಂದು ಲಿಪಿಯ ಅಕ್ಷರಕ್ಕೂ ಅದರದ್ದೇ ಸಂಕೇತಸಂಖ್ಯೆ ಕೊಡುವ ಜಾಗತಿಕ ಪದ್ಧತಿಯಾದ ಯುನಿಕೋಡಿಗೆ ಪಟ್ಟಿಯನ್ನು ಪರಿವರ್ತಿಸುವುದು ಒಂದು ದಿನದ ಕೆಲಸವೆಂದು ನಾವು ತಿಳಿದಿದ್ದೆವು. ಪರಿವರ್ತಕ ತಂತ್ರಾಂಶವೊಂದಕ್ಕೆ ಹಾಳೆಯನ್ನು ಕೊಟ್ಟಾಗ ಕೆಲವೇ ನಿಮಿಷಗಳಲ್ಲಿ ಕನ್ನಡ ಹೊರಬಂತು. ಕಣ್ಣಿಗೆ ಮೊದಲು ಬಿದ್ದ ತಪ್ಪು ಅರ್ಕಾವತ್ತಿನದು. ಹಳೆಯ ಫಾಂಟುಗಳಲ್ಲಿ ಅರ್ಕಾವತ್ತನ್ನು ಬರೆಯುವ ಕ್ರಮದಲ್ಲಿಯೇ, ಅಂದರೆ ಮುಂದಿನ ಅಕ್ಷರದ ಆಮೇಲೆ, ಟೈಪು ಮಾಡಲಾಗುತ್ತಿತ್ತು. ಯುನಿಕೋಡಿನಲ್ಲಿ ಉಚ್ಚಾರದ ಕ್ರಮವಿರುವುದರಿಂದ ರಕಾರ ಮೊದಲು ಬರಬೇಕು. ಪರಿವರ್ತಕವು ಈ ಸ್ಥಾನಪಲ್ಲಟವನ್ನು ಮಾಡದೆ ಬಿಟ್ಟಲ್ಲೆಲ್ಲ "ಧರ್ಮ" ಎಂಬುದು "ಧಮರ್" ಆಗಿತ್ತು, "ಕಾರ್ಯ" ಎಂಬುದು "ಕಾಯರ್" ಆಗಿತ್ತು. ಇವು ಓದಿದೊಡನೆ ಗೊತ್ತಾಗುವ ತಪ್ಪುಗಳಾದ್ದರಿಂದ ಇಬ್ಬರು ಕುಳಿತು ಒಂದೊಂದಾಗಿ ತಿದ್ದಿದೆವು.

ಕಣ್ಣಿಗೆ ಕಾಣದ ತಪ್ಪುಗಳು ಹೊರಬಿದ್ದದ್ದು ಹುಡುಕುವಾಗ. "ಗೋವಿಂದ" ಎಂದು ಹುಡುಕಿದರೆ ಮಂಜೇಶ್ವರ ಗೋವಿಂದ ಪೈಗಳ ಕೆಲವು ಪುಸ್ತಕಗಳಷ್ಟೇ ಸಿಗುತ್ತಿದ್ದವು. ಉಳಿದವು ಪಟ್ಟಿಯಲ್ಲಿ ಕಣ್ಣೆದುರೇ ಇದ್ದರೂ ಯಂತ್ರಕ್ಕೆ ಕಾಣುತ್ತಿರಲಿಲ್ಲ. ಕಾರಣ ಎರಡು. ಯುನಿಕೋಡಿನಲ್ಲಿ ಓಕಾರದ ಚಿಹ್ನೆಯನ್ನು ಒಂದೇ ಸಂಕೇತವಾಗಿಯೂ ಇಡಬಹುದು; ಎಕಾರದ ಚಿಹ್ನೆ, ಊಕಾರದ ಕೊಂಬು ಮತ್ತು ದೀರ್ಘ ಎಂದು ಮೂರು ತುಂಡುಗಳಾಗಿಯೂ ಇಡಬಹುದು. ಎರಡೂ ತೆರೆಯ ಮೇಲೆ ಒಂದೇ "ಗೋ" ಆಗಿ ಕಾಣುತ್ತವೆ, ಇವೆರಡೂ ಸಮಾನವೆಂದು ಯುನಿಕೋಡ್ ಸ್ಪಷ್ಟವಾಗಿ ಹೇಳುತ್ತದೆ ಕೂಡ, ಆದರೆ ಹೋಲಿಸುವ ಮೊದಲು ಅವನ್ನು ಒಂದೇ ರೂಪಕ್ಕೆ ತರುವ ಹೊಣೆ ತಂತ್ರಾಂಶದ್ದು. ನಮ್ಮ ಹಾಳೆಯ ಹುಡುಕಾಟಕ್ಕೆ ಆ ಸಾಮರ್ಥ್ಯವಿರಲಿಲ್ಲ. ಎರಡನೆಯ ಕಾರಣ ಅನುಸ್ವಾರದ್ದು. ಪರಿವರ್ತನೆಯ ನಂತರ ಕೈಯಿಂದ ಸೇರಿಸಿದ ನಮೂದುಗಳಲ್ಲಿ ಅನುಸ್ವಾರ ಇರಬೇಕಾದಲ್ಲಿ ಕನ್ನಡದ ಸೊನ್ನೆಯ ಅಂಕಿಯನ್ನು ಹಾಕಿದ್ದರು. ಎರಡೂ ದುಂಡಗಿನ ಬಿಂದುಗಳೇ. ಕಾಗದದ ಮೇಲಾದರೆ ಯಾವ ತೊಂದರೆಯೂ ಇರಲಿಲ್ಲ.

ತುಂಡಾಗಿದ್ದ ಸ್ವರಚಿಹ್ನೆಗಳನ್ನೆಲ್ಲ ಒಂದೇ ರೂಪಕ್ಕೆ ತಂದೆವು. ಅದು ಸಲೀಸಾಗಿ ಆಯಿತು. ಆಮೇಲೆ, ಹಾಳೆಯಲ್ಲಿದ್ದ ಎಲ್ಲ ಕನ್ನಡ ಸೊನ್ನೆಗಳನ್ನೂ ಅನುಸ್ವಾರಕ್ಕೆ ಬದಲಿಸುವ ಒಂದೇ ಆಜ್ಞೆಯನ್ನು ನಾನೇ ಕೊಟ್ಟೆ. ಗೋವಿಂದ ಪೈಗಳು ಪೂರ್ತಿಯಾಗಿ ಸಿಕ್ಕಿದರು, ನಮಗೆ ಸಂತೋಷವಾಯಿತು. ಕೆಲವು ತಿಂಗಳ ನಂತರ ಒಬ್ಬ ಸಂಶೋಧನ ವಿದ್ಯಾರ್ಥಿನಿ, ಕಾಸರಗೋಡು ಕೇರಳಕ್ಕೆ ಸೇರುವುದಕ್ಕೆ ಮೊದಲು ಅಚ್ಚಾದ ಕನ್ನಡ ಪುಸ್ತಕಗಳ ಯಾದಿಯನ್ನು ಕೇಳಿದಳು. ವರ್ಷದ ಅಂಕಣದಿಂದ ಆರಿಸಿ ಕೊಟ್ಟೆವು. ಕಪಾಟಿನಲ್ಲಿ ತಾನೇ ಕೈಯಲ್ಲಿ ಹಿಡಿದು ನೋಡಿದ್ದ ೧೯೫೦ರ ಪುಸ್ತಕವೊಂದು ಯಾದಿಯಲ್ಲಿ ಇಲ್ಲವೆಂದು ಅವಳು ತೋರಿಸಿದಾಗ, ಹುಡುಕುತ್ತಾ ಹೋದಂತೆ ೧೯೪೦ರದ್ದೂ ಇಲ್ಲ, ೧೯೩೦ರದ್ದೂ ಇಲ್ಲವೆಂದು ತಿಳಿಯಿತು. ಕನ್ನಡ ಅಂಕಿಗಳಲ್ಲಿ ಬರೆದಿದ್ದ ವರ್ಷಗಳ ಸೊನ್ನೆಗಳೂ ನನ್ನ ಆಜ್ಞೆಯಿಂದ ಅನುಸ್ವಾರವಾಗಿದ್ದವು. ಕಣ್ಣಿಗೆ ಅವು ವರ್ಷಗಳಾಗಿಯೇ ಕಾಣುತ್ತಿದ್ದವು, ಯಂತ್ರಕ್ಕೆ ಮಾತ್ರ ಸಂಖ್ಯೆಗಳಾಗಿ ಉಳಿದಿರಲಿಲ್ಲ. ಬದಲಾವಣೆಗೆ ಮೊದಲಿನ ಪ್ರತಿಯನ್ನು ನಾನು ತೆಗೆದಿರಿಸಿರಲಿಲ್ಲ.

ಈ ತಪ್ಪನ್ನು ಸರಿಪಡಿಸಲು ಸಾಧ್ಯವಾದದ್ದು ನಂಬ್ರಗಳು ಬದಲಾಗದೆ ಇದ್ದ ಒಂದೇ ಕಾರಣದಿಂದ. ಸಂಶಯವಿದ್ದ ಪ್ರತಿಯೊಂದು ಸಾಲಿನ ನಂಬ್ರವನ್ನು ಹಿಡಿದು ಹಳೆಯ ರಿಜಿಸ್ಟರನ್ನು ತೆರೆದೆವು. ಅಲ್ಲಿ ಮಸುಕಾಗಿದ್ದರೆ ಅದೇ ನಂಬ್ರದ ಪುಸ್ತಕವನ್ನು ಕಪಾಟಿನಿಂದ ತೆಗೆದು ನೋಡಿದೆವು. ಮರುಎಣಿಕೆ ಆಗಿದ್ದಿದ್ದರೆ ಈ ದಾರಿ ಮುಚ್ಚಿಹೋಗಿರುತ್ತಿತ್ತು. ಅದೇ ವಾರದಿಂದ ಎರಡು ಕ್ರಮಗಳನ್ನು ಜಾರಿಗೆ ತಂದೆವು. ಒಂದು, ಪಟ್ಟಿಯಲ್ಲಿ ಏನೇ ಬದಲಿಸುವ ಮೊದಲು ಇಡೀ ಕಡತದ ಪ್ರತಿಯನ್ನು ಅದರ ಆವೃತ್ತಿಯ ಅಂಕೆಯೊಂದಿಗೆ ಬೇರೆಯಾಗಿ ಉಳಿಸುವುದು. ಎರಡು, ಒಂದು ನೋಟುಪುಸ್ತಕದಲ್ಲಿ ದಿನಾಂಕ, ಬದಲಾದದ್ದೇನು, ಯಾಕೆ, ಯಾರು ದೂರಿದರು, ಯಾರು ಬದಲಿಸಿದರು ಎಂಬುದನ್ನು ಬರೆಯುವುದು. ನನ್ನ ಆ ಆಜ್ಞೆ ಅಲ್ಲಿ 2.1 ಎಂದು ದಾಖಲಾಗಿದೆ. ಅಂಕಿಯ ಪಕ್ಕದಲ್ಲಿರುವ ಸೊನ್ನೆಯನ್ನು ಮುಟ್ಟಬಾರದೆಂಬ ತಿದ್ದಿದ ನಿಯಮ 2.2 ಎಂದು. ತಪ್ಪಾದ 2.1ನ್ನು ಅಳಿಸಿ ತಿದ್ದಿದ್ದನ್ನೇ ಅದರ ಜಾಗದಲ್ಲಿ ಬರೆಯೋಣವೆಂಬ ಮಾತು ಬಂದಿತ್ತು. ಅದು ಹಾಗೆಯೇ ಇರಲಿ ಎಂದು ನಾನು ಒತ್ತಾಯಿಸಿದೆ, ಯಾಕೆಂದರೆ ಆ ತಿಂಗಳುಗಳಲ್ಲಿ ನಮ್ಮಿಂದ ಪಟ್ಟಿಯ ಪ್ರತಿ ಪಡೆದವರ ಹತ್ತಿರ ಈಗಲೂ ಇರುವುದು ಆ ತಪ್ಪು ಆವೃತ್ತಿಯೇ.

ಇದೇ ಸಂದರ್ಭದಲ್ಲಿ ಯುನಿಕೋಡಿನಲ್ಲಿ ಕನ್ನಡದ ಭಾಗವು ಬೆಳೆದುಬಂದ ಬಗೆಯನ್ನು ಗಮನಿಸಿದೆ, ಅದರಿಂದ ನಮ್ಮ ಕ್ರಮಕ್ಕೆ ಬಲ ಬಂತು. 1991ರ ಮೊದಲ ಆವೃತ್ತಿಯಲ್ಲಿಯೇ ಕನ್ನಡ ಇತ್ತು, ಆದರೆ ಪೂರ್ತಿಯಾಗಿರಲಿಲ್ಲ. ಅವಗ್ರಹ ಮತ್ತು ನುಕ್ತಾ ಸೇರಿದ್ದು 2003ರ 4.0ರಲ್ಲಿ, ಜಿಹ್ವಾಮೂಲೀಯ ಮತ್ತು ಉಪಧ್ಮಾನೀಯ 2006ರ 5.0ರಲ್ಲಿ, ಚಂದ್ರಬಿಂದು 2014ರ 7.0ರಲ್ಲಿ. ಹೊಸದು ಸೇರುತ್ತಲೇ ಇದೆ, ಒಮ್ಮೆ ಸೇರಿದ್ದು ಹೋಗುವುದಿಲ್ಲ, ಅದರ ಸ್ಥಾನವೂ ಹೆಸರೂ ಬದಲಾಗುವುದಿಲ್ಲ. ಹಳಗನ್ನಡದ ೞ ಅಕ್ಷರಕ್ಕೆ ಅದರಲ್ಲಿ ಕೊಟ್ಟಿರುವ ಹೆಸರು "ಫ" ಎಂದು; ಅದು ಶುದ್ಧ ತಪ್ಪು. ಹೆಸರುಗಳನ್ನು ಬದಲಿಸಬಾರದೆಂಬ ನಿಯಮವಿರುವುದರಿಂದ ಆ ತಪ್ಪು ಹೆಸರನ್ನು ಹಾಗೆಯೇ ಉಳಿಸಿ, ಸರಿಯಾದ ಹೆಸರನ್ನು ತಿದ್ದುಪಡಿಯ ಪರ್ಯಾಯನಾಮವಾಗಿ ಅದರ ಜೊತೆಗೆ ದಾಖಲಿಸಿದ್ದಾರೆ. ತಪ್ಪನ್ನು ಅಳಿಸಿದರೆ ಅದನ್ನು ನಂಬಿ ಬರೆದ ಹಳೆಯ ತಂತ್ರಾಂಶ ಮುರಿಯುತ್ತದೆ. ಪಕ್ಕದಲ್ಲಿ ಸರಿಯನ್ನು ಬರೆದರೆ ಯಾರಿಗೂ ಹಾನಿಯಿಲ್ಲ. ಬ್ಯಾಂಕಿನ ಲೆಕ್ಕದಲ್ಲಿ ಹಳೆಯ ನಮೂದನ್ನು ಕೆರೆಯದೆ ತಿದ್ದುಪಡಿಯ ಹೊಸ ನಮೂದು ಹಾಕುವ ಕ್ರಮವೂ ಇದೇ ಎಂದು ಕಾರ್ಯದರ್ಶಿಯವರು ನೆನಪಿಸಿದರು.

ಮೂರನೆಯ ಆವೃತ್ತಿ ಲೇಖಕರ ಹೆಸರುಗಳದ್ದು. ಕಯ್ಯಾರ ಕಿಞ್ಞಣ್ಣ ರೈಗಳು ಬಾಳಿದ್ದು ನಮ್ಮ ಬದಿಯಡ್ಕದ ಪರಿಸರದಲ್ಲಿಯೇ. ಅಂಥವರ ಹೆಸರು ನಮ್ಮದೇ ಪಟ್ಟಿಯಲ್ಲಿ "ಕಿಞ್ಞಣ್ಣ", "ಕಿಂಞಣ್ಣ", "ಕಿಞಣ್ಣ" ಎಂದು ಮೂರು ಬಗೆಯಾಗಿತ್ತು. ಕೆಲವೆಡೆ ಕಯ್ಯಾರ ಮೊದಲು, ಕೆಲವೆಡೆ ರೈ ಮೊದಲು. ಗೋವಿಂದ ಪೈಗಳು "ಪೈ", "ಎಂ. ಗೋವಿಂದ ಪೈ", "ರಾಷ್ಟ್ರಕವಿ ಗೋವಿಂದ ಪೈ" ಎಂದು ಬೇರೆ ಬೇರೆ ಸಾಲುಗಳಲ್ಲಿ ಹಂಚಿಹೋಗಿದ್ದರು. ಎಲ್ಲವನ್ನೂ ಒಂದೇ ಕಾಗುಣಿತಕ್ಕೆ ತಿದ್ದುವ ಆಸೆ ಬಂದರೂ, ಪುಸ್ತಕದ ಮುಖಪುಟದಲ್ಲಿ ಅಚ್ಚಾದ ರೂಪವೂ ಒಂದು ದಾಖಲೆ ಎಂಬ ಕಾರಣಕ್ಕೆ ಅದನ್ನು ಮುಟ್ಟಲಿಲ್ಲ. ಬದಲಿಗೆ ಪ್ರತಿಯೊಬ್ಬ ಲೇಖಕರಿಗೆ ಒಂದು ನಂಬ್ರ ಕೊಟ್ಟು, ಬೇರೆ ಹಾಳೆಯಲ್ಲಿ ಆ ನಂಬ್ರದ ಎದುರಿಗೆ ಸಿಕ್ಕಿದ ಎಲ್ಲ ರೂಪಗಳನ್ನೂ ಬರೆದೆವು. ಯಾವ ರೂಪದಲ್ಲಿ ಹುಡುಕಿದರೂ ಹುಡುಕಾಟ ಆ ನಂಬ್ರಕ್ಕೆ ಹೋಗಿ, ಅಲ್ಲಿಂದ ಎಲ್ಲ ಪುಸ್ತಕಗಳಿಗೆ ತಲುಪುತ್ತದೆ.

ಯಕ್ಷಗಾನ ಪ್ರಸಂಗಗಳ ವಿಚಾರ ಇದಕ್ಕಿಂತ ತೊಡಕಿನದ್ದಾಗಿತ್ತು. ತಾಳಮದ್ದಳೆಗೆ ತಯಾರಿ ಮಾಡುವವರು ವಾಚನಾಲಯಕ್ಕೆ ಬಂದು ಕೇಳುವುದು ಪ್ರಸಂಗದ ಹೆಸರನ್ನು. ನಮ್ಮ ಪಟ್ಟಿಯಲ್ಲಿದ್ದದ್ದು ಸಂಪುಟದ ಹೆಸರು. ಮೂರು ನಾಲ್ಕು ಪ್ರಸಂಗಗಳನ್ನು ಒಟ್ಟಿಗೆ ಬೈಂಡು ಮಾಡಿದ ಹಳೆಯ ಸಂಪುಟಗಳಲ್ಲಂತೂ ಮೊದಲ ಪ್ರಸಂಗದ ಹೆಸರು ಮಾತ್ರ ದಾಖಲಾಗಿತ್ತು, ಉಳಿದವು ಇದ್ದೂ ಇಲ್ಲದ ಹಾಗೆ. ಅದಕ್ಕಾಗಿ "ಒಳಗಿರುವುದು" ಎಂಬ ಅಂಕಣವನ್ನು ಸೇರಿಸಿ, ಒಂದೊಂದು ಸಂಪುಟವನ್ನೂ ತೆರೆದು ಪ್ರಸಂಗಗಳ ಹೆಸರು ತುಂಬಿದೆವು. ಮಳೆಗಾಲದ ಎರಡು ತಿಂಗಳು ಇದಕ್ಕೇ ಹೋಯಿತು, ಮತ್ತು ಓದುಗರಿಗೆ ಅತಿ ಹೆಚ್ಚು ಉಪಯೋಗವಾದ ಸುಧಾರಣೆ ಇದೇ. ಕುಂಬಳೆಯ ಪಾರ್ತಿಸುಬ್ಬನ ಹೆಸರಿನಲ್ಲಿರುವ ರಾಮಾಯಣ ಪ್ರಸಂಗಗಳ ಕರ್ತೃತ್ವದ ಬಗ್ಗೆ ವಿದ್ವಾಂಸರಲ್ಲಿ ದೀರ್ಘವಾದ ಚರ್ಚೆ ನಡೆದಿರುವುದರಿಂದ, ಅಲ್ಲಿ ಅಚ್ಚಾದ ಹೆಸರನ್ನು ಕೊಟ್ಟು, ಕರ್ತೃತ್ವ ಚರ್ಚೆಯಲ್ಲಿದೆ ಎಂದು ಷರಾ ಬರೆದೆವು. ಪುಸ್ತಕಪಟ್ಟಿ ಅದನ್ನು ತೀರ್ಮಾನಿಸುವ ಜಾಗವಲ್ಲ. ಇದೇ ಆವೃತ್ತಿಯಲ್ಲಿ ವಿಷಯವಾರು ವಿಂಗಡಣೆಯ ಅಂಕಣವೊಂದನ್ನೂ ಆರಂಭಿಸಿದ್ದೆವು. ಮೂವರು ಮೂರು ರೀತಿ ತುಂಬಿದ ಕಾರಣ ಅದನ್ನು 3.2ರಲ್ಲಿ ಕೈಬಿಡಬೇಕಾಯಿತು.

ನಾಲ್ಕನೆಯ ಆವೃತ್ತಿಯನ್ನು ಬೇಡಿದವರು ಮಕ್ಕಳು. ಮನೆಯಲ್ಲಿ ಕನ್ನಡವನ್ನೋ ತುಳುವನ್ನೋ ಆಡುವ, ಶಾಲೆಯಲ್ಲಿ ಮಲೆಯಾಳ ಓದುವ ಮಕ್ಕಳು ಇಲ್ಲಿ ಅನೇಕ. ಅವರಿಗೆ ಕನ್ನಡ ಪುಸ್ತಕದ ಹೆಸರು ಗೊತ್ತು, ಓದಿಸಿ ಕೇಳುವ ಅಜ್ಜಿ ಮನೆಯಲ್ಲಿದ್ದಾರೆ, ಆದರೆ ಮೊಬೈಲಿನಲ್ಲಿ ಒತ್ತಲು ಬರುವುದು ಮಲೆಯಾಳ ಅಕ್ಷರಗಳು. ಇಲ್ಲಿ ಯುನಿಕೋಡಿನ ರಚನೆಯೇ ನೆರವಿಗೆ ಬಂತು. ಭಾರತೀಯ ಲಿಪಿಗಳ ವಿಭಾಗಗಳನ್ನು ಭಾರತದ ಇಸ್ಕಿ ಸಂಕೇತಕ್ರಮದ ಆಧಾರದಲ್ಲಿ ಒಂದೇ ಜೋಡಣೆಯಲ್ಲಿ ಇಟ್ಟಿರುವುದರಿಂದ, ಕನ್ನಡದ ಕಕಾರದ ಸಂಕೇತಕ್ಕೆ 128 ಕೂಡಿದರೆ ಮಲೆಯಾಳದ ಕಕಾರ, ಗಕಾರಕ್ಕೆ 128 ಕೂಡಿದರೆ ಮಲೆಯಾಳದ ಗಕಾರ ಸಿಗುತ್ತದೆ. ಹೀಗೆ ಮಲೆಯಾಳದಲ್ಲಿ ಒತ್ತಿದ್ದನ್ನು 128 ಕಳೆದು ಕನ್ನಡವಾಗಿಸಿ ಹುಡುಕುವ ಸರಳ ನಿಯಮವನ್ನು ಬರೆದೆವು.

ನಿಯಮ ಎರಡು ಕಡೆ ಎಡವಿತು. ಮೊದಲನೆಯದು ಮಲೆಯಾಳದ ಚಿಲ್ಲಕ್ಷರಗಳಲ್ಲಿ. ಪದದ ಕೊನೆಯ ಅಥವಾ ನಡುವಿನ ಸ್ವರವಿಲ್ಲದ ನ, ಣ, ರ, ಲ, ಳಗಳಿಗೆ ಮಲೆಯಾಳದಲ್ಲಿರುವ ಈ ವಿಶೇಷ ರೂಪಗಳನ್ನು ಮೊದಲು ವ್ಯಂಜನ, ಚಂದ್ರಕಲೆ ಮತ್ತು ಕಾಣದ ಒಂದು ಜೋಡಕವೆಂದು ಮೂರು ಸಂಕೇತಗಳಲ್ಲಿ ಇಡುತ್ತಿದ್ದರು. 2008ರ ಯುನಿಕೋಡ್ 5.1ರಲ್ಲಿ ಅವುಗಳಿಗೆ ಸ್ವಂತ ಸಂಕೇತಗಳು ದೊರೆತವು. ಹಳೆಯದನ್ನೂ ಹೊಸದನ್ನೂ ಸಮಾನವೆಂದು ಯುನಿಕೋಡ್ ಘೋಷಿಸಿಲ್ಲವಾದ್ದರಿಂದ ಎರಡನ್ನೂ ನಾವೇ ಬೇರೆ ಬೇರೆಯಾಗಿ ಹೇಳಿಕೊಡಬೇಕಾಯಿತು. ನಮ್ಮ ಜಿಲ್ಲೆಯ ಹೆಸರನ್ನೇ ಮಲೆಯಾಳದಲ್ಲಿ ಚಿಲ್ಲು ರಕಾರದಿಂದ ಬರೆಯುವವರೂ ಇದ್ದಾರೆ, ಪೂರ್ಣಾಕ್ಷರದಿಂದ ಬರೆಯುವವರೂ ಇದ್ದಾರೆ. ಹೀಗಾಗಿ ಇದು ಅಪರೂಪದ ಸಮಸ್ಯೆಯಾಗಿರಲಿಲ್ಲ. ಎರಡನೆಯ ಎಡವು ೞ ಅಕ್ಷರದಲ್ಲಿ. ಆಲಪ್ಪುೞ, ಕೋೞಿಕ್ಕೋಡ್ ಮುಂತಾದ ಹೆಸರುಗಳಲ್ಲಿ ಮಲೆಯಾಳಿಗಳು ದಿನವೂ ಬಳಸುವ ಈ ಅಕ್ಷರದಿಂದ 128 ಕಳೆದರೆ ಕನ್ನಡದ ವಿಭಾಗದಲ್ಲಿ ಖಾಲಿ ಮನೆ ಸಿಗುತ್ತದೆ. ಕನ್ನಡದ ೞಕಾರ ಕುಳಿತಿರುವುದು ಬೇರೆ ಕಡೆ, ಆ ತಪ್ಪು ಹೆಸರಿನೊಂದಿಗೆ. ಅದಕ್ಕೊಂದು ಪ್ರತ್ಯೇಕ ಸಾಲು ಬರೆದು 4.1 ಎಂದು ದಾಖಲಿಸಿದೆವು.

ಐದನೆಯ ಆವೃತ್ತಿಯ ಬಗ್ಗೆ ಹೇಳುವುದು ಕಡಿಮೆ. ಪಟ್ಟಿಯನ್ನು ಸಂಕೇತಸಂಖ್ಯೆಯ ಕ್ರಮದಲ್ಲಿ ಜೋಡಿಸಿದರೆ ಳಕಾರವು ಲಕಾರದ ಬೆನ್ನಿಗೇ ಬಂದು, "ಕಳಶ" ಎಂಬುದು "ಕವಿ"ಗಿಂತ ಮೊದಲು ನಿಲ್ಲುತ್ತದೆ. ನಮ್ಮ ವರ್ಣಮಾಲೆಯಲ್ಲಿ ಳಕಾರದ ಸ್ಥಾನ ಹಕಾರದ ಆಮೇಲೆ. ನಿಘಂಟು ನೋಡಿ ಅಭ್ಯಾಸವಿದ್ದ ಹಿರಿಯ ಓದುಗರೊಬ್ಬರು ಇದನ್ನು ತೋರಿಸಿದ ಮೇಲೆ ಅಕಾರಾದಿ ಕ್ರಮವನ್ನು ಸರಿಪಡಿಸಿದೆವು. ಹಾಗೆಯೇ ವರ್ಷಕ್ಕೊಮ್ಮೆ ಇಡೀ ಪಟ್ಟಿಯನ್ನು ಕಾಗದದ ಮೇಲೆ ಮುದ್ರಿಸಿ ಮೇಜಿನ ಮೇಲೆ ಇಡುತ್ತೇವೆ, ಯಾಕೆಂದರೆ ಜೂನ್, ಜುಲೈಯಲ್ಲಿ ಕರೆಂಟು ಹೋದರೆ ಯಾವಾಗ ಬರುವುದೆಂದು ಹೇಳಲಾಗುವುದಿಲ್ಲ. ಓದುಗರು ಆ ಮುದ್ರಿತ ಪ್ರತಿಯ ಅಂಚಿನಲ್ಲಿ ಪೆನ್ಸಿಲಿನಿಂದ ಗುರುತು ಮಾಡುವ ತಪ್ಪುಗಳೇ ಈಗ ಮುಂದಿನ ಆವೃತ್ತಿಗೆ ಸಿಗುವ ಹೆಚ್ಚಿನ ಸಾಮಗ್ರಿ.

ಗ್ರಂಥಾಲಯ ನಿರ್ವಹಣೆಯ ಕೋಹಾ ತಂತ್ರಾಂಶಕ್ಕೆ ಯಾಕೆ ಹೋಗಲಿಲ್ಲವೆಂದು ಹಲವರು ಕೇಳಿದ್ದಾರೆ. ನ್ಯೂಜಿಲೆಂಡಿನ ಒಂದು ಸಾರ್ವಜನಿಕ ಗ್ರಂಥಾಲಯಕ್ಕಾಗಿ ಹುಟ್ಟಿ 2000ದ ಆರಂಭದಲ್ಲಿ ಬಳಕೆಗೆ ಬಂದ ಈ ಮುಕ್ತ ತಂತ್ರಾಂಶ ಅತ್ಯುತ್ತಮವಾದದ್ದು, ಕೇರಳದ ಅನೇಕ ಕಾಲೇಜು ಗ್ರಂಥಾಲಯಗಳಲ್ಲಿ ಚೆನ್ನಾಗಿ ನಡೆಯುತ್ತಿದೆ. ಅದರ ಹೊಸ ಆವೃತ್ತಿ ಮೇ ಮತ್ತು ನವೆಂಬರ್ ತಿಂಗಳಲ್ಲಿ, ವರ್ಷಕ್ಕೆ ಎರಡು ಬಾರಿ ಹೊರಬರುತ್ತದೆ, 3.22ರ ನಂತರ ವರ್ಷ ಮತ್ತು ತಿಂಗಳನ್ನೇ ಅಂಕೆಯಾಗಿಸಿ 16.05 ಎಂದು ಹೆಸರಿಸಲು ತೊಡಗಿದರು. ಆ ವೇಗದಲ್ಲಿ ಬರುವ ನವೀಕರಣಗಳನ್ನು ಹಾಕಿ, ಸರ್ವರ್ ನೋಡಿಕೊಳ್ಳುವ ಜನ ನಮ್ಮಲ್ಲಿಲ್ಲ. ಮುಂದೊಂದು ದಿನ ಹೋಗಬೇಕಾದರೆ ದಾರಿ ಇರಲೆಂದು ನಮ್ಮ ಅಂಕಣಗಳನ್ನು, ಗ್ರಂಥಾಲಯಗಳು ಪುಸ್ತಕದ ವಿವರಗಳನ್ನು ಕಂಪ್ಯೂಟರಿನಲ್ಲಿ ದಾಖಲಿಸಲು ಬಳಸುವ ಮಾರ್ಕ್ ನಮೂನೆಗೆ ಹೊಂದುವಂತೆ ಈಗಲೇ ಬೇರ್ಪಡಿಸಿ ಇಟ್ಟಿದ್ದೇವೆ.

ಆರನೆಯ ಆವೃತ್ತಿಯ ಕೆಲಸ ಒಂದು ಓಲೆಗರಿಯ ಕಟ್ಟಿನಿಂದ ಆರಂಭವಾಗಿದೆ. ನೀರ್ಚಾಲಿನ ಕಡೆಯ ಮನೆಯವರು ತಮ್ಮ ಹಿರಿಯರ ಪೆಟ್ಟಿಗೆಯಲ್ಲಿದ್ದ ಕಟ್ಟನ್ನು ವಾಚನಾಲಯಕ್ಕೆ ಕೊಟ್ಟರು, ಲಿಪಿ ತಿಗಳಾರಿ. ತುಳು-ತಿಗಳಾರಿ ಲಿಪಿಗೆ 2024ರ ಸೆಪ್ಟೆಂಬರಿನಲ್ಲಿ ಬಂದ ಯುನಿಕೋಡ್ 16.0ರಲ್ಲಿ, ಇನ್ನೂ ಆರು ಹೊಸ ಲಿಪಿಗಳ ಜೊತೆಗೆ, ಸ್ಥಾನ ದೊರೆತಿದೆ. ಆದ್ದರಿಂದ ಗ್ರಂಥದ ಮೊದಲ ಸಾಲನ್ನು ಅದೇ ಲಿಪಿಯಲ್ಲಿ ಪಟ್ಟಿಗೆ ಸೇರಿಸಲು ಈಗ ಸಾಧ್ಯವಿದೆ, ಅದಕ್ಕಾಗಿ "ಮೂಲಲಿಪಿ" ಎಂಬ ಹೊಸ ಅಂಕಣವನ್ನು ತೆರೆದಿದ್ದೇವೆ. ತಿಗಳಾರಿ ಓದಬಲ್ಲ ಹಿರಿಯರೊಬ್ಬರು ದೀಪಾವಳಿಯ ನಂತರ ಬರುತ್ತೇನೆಂದು ಮಾತು ಕೊಟ್ಟಿದ್ದಾರೆ. ಅಲ್ಲಿಯ ತನಕ ಆ ಅಂಕಣ ಖಾಲಿ. ರಿಜಿಸ್ಟರಿನ ಮುಂದಿನ ನಂಬ್ರವನ್ನು ಒಂದು ಚೀಟಿಯಲ್ಲಿ ಬರೆದು, ಗರಿಗೆ ಅಂಟು ತಾಗದ ಹಾಗೆ ದಾರದಿಂದ ಕಟ್ಟಿಗೆ ಕಟ್ಟಿ, ಕಪಾಟಿನಲ್ಲಿ ಇಟ್ಟಿದ್ದೇವೆ.